ಎಮ್ರಿಸ್ ಮಾಸ್ಟ್ರೂ ಡ್ರಾಯಿಂಗ್ ಮಾಸ್ಟ್ರೂ

ಹೋದ ಶನಿವಾರ ನಮ್ಮ ಮನೆಯ ವಾಷಿಂಗ್ ಮೆಷಿನ್ನು ಮಗಳ ಶಾಲೆಯ ಬಿಳಿ ಅಂಗಿಗಳನ್ನೆಲ್ಲ ತಿಳಿನೀಲಿ ಮಾಡಿ ಹೊರಗೆ ಹಾಕಿತು. ದುಬೈಯಲ್ಲಿ ನಾವಿರುವ ಅಲ್ ಕುಸೈಸ್‌ನ ಶಾಲೆಗಳಲ್ಲಿ ಬೇರೆ ಯಾವುದಕ್ಕೆ ವಿನಾಯಿತಿ ಸಿಕ್ಕರೂ ಯೂನಿಫಾರ್ಮಿನ ಬಣ್ಣಕ್ಕೆ ಸಿಗುವುದಿಲ್ಲ. ನನ್ನ ಹೆಂಡತಿ ವೀಣಾ ಪತ್ತೇದಾರಳ ಹಾಗೆ ಒಂದೊಂದೇ ಬಟ್ಟೆಯನ್ನು ಕೊಡವಿ ನೋಡಿ, ಕೊನೆಗೆ ನನ್ನ ಹಳೆಯ ಕಂದು ಪ್ಯಾಂಟಿನ ಜೇಬಿನಿಂದ ನೆನೆದ ಅವಲಕ್ಕಿಯಂತೆ ಮೆತ್ತಗಾಗಿದ್ದ ನೀಲಿ ಮುದ್ದೆಯೊಂದನ್ನು ಹೊರತೆಗೆದಳು.

"ಇದೆಂತ ಮಾರಾಯ್ರೆ ಇದು?"

"ಸ್ನೂಕರ್ ಚಾಕ್. ಕೋಲಿನ ತುದಿಗೆ ಉಜ್ಜುವುದು."

"ನೀವು ಆ ಕೋಲು ಮುಟ್ಟದೆ ವರ್ಷಗಳಾಯ್ತಲ್ಲ!"

ನಿಜ. ಆ ಪ್ಯಾಂಟು ತೊಡದೆಯೂ ವರ್ಷಗಳಾದವು. ಹೊಟ್ಟೆ ಇಳಿದ ಮೇಲೆ ಹಾಕಿಕೊಳ್ಳೋಣವೆಂದು ಎತ್ತಿಟ್ಟಿದ್ದೆ. ಹೊಟ್ಟೆಗೆ ಅಂಥ ಯಾವ ಯೋಚನೆಯೂ ಇದ್ದಂತೆ ಕಾಣದ್ದರಿಂದ, ಯಾರಿಗಾದರೂ ಕೊಟ್ಟುಬಿಡೋಣವೆಂದು ಒಗೆಯಲು ಹಾಕಿದ್ದೆ. ಮಗಳು ಶ್ರಾವ್ಯ ಅಂಗಿಯನ್ನು ಬೆಳಕಿಗೆ ಹಿಡಿದು, "ಇಟ್ಸ್ ಓಕೆ ಪಪ್ಪಾ, ಇಟ್ಸ್ ಅ ನೈಸ್ ಬ್ಲೂ" ಎಂದು ನನ್ನನ್ನು ಸಮಾಧಾನಪಡಿಸಿದಳು. ಅಮ್ಮ ಮಗಳು ಮುಂದೇನು ಮಾಡುವುದೆಂದು ಚರ್ಚೆಗಿಳಿದರು. ನಾನು ಅಂಗೈಯಲ್ಲಿ ಆ ನೀಲಿ ಮುದ್ದೆಯನ್ನು ಹಿಡಿದುಕೊಂಡು ಬಾಲ್ಕನಿಯಲ್ಲಿ ನಿಂತೆ. ಎಮ್ರಿಸ್ ನೆನಪಾದ.

ಎಮ್ರಿಸ್ ಯಾರೆಂದು ಹೇಳುವ ಮೊದಲು ನಮ್ಮ ಊರಿನ ಮನೆಯ ಟೀವಿಯ ವಿಷಯ ಹೇಳಬೇಕು. ಅದಿಲ್ಲದೆಯೂ ನಿಮಗೆ ಅರ್ಥವಾದೀತು, ಆದರೆ ನನಗೆ ಸಮಾಧಾನವಾಗದು.

ನಮ್ಮ ಮನೆ ಬ್ರಹ್ಮಾವರದ ಹತ್ತಿರ. ಅಪ್ಪ ಹೈಸ್ಕೂಲಿನಲ್ಲಿ ಡ್ರಾಯಿಂಗ್ ಮಾಸ್ಟ್ರು. ಬಣ್ಣಗಳ ನಡುವೆಯೇ ಬದುಕಿದ ಮನುಷ್ಯ ಮನೆಗೆ ತಂದದ್ದು ಮಾತ್ರ ಕಪ್ಪು ಬಿಳುಪು ಟೀವಿ. ಅಕ್ಕಪಕ್ಕದ ಮನೆಗಳಿಗೆಲ್ಲ ಕಲರ್ ಟೀವಿ ಬಂದು, ಅಕ್ಕನೂ ನಾನೂ ಅವಮಾನದಿಂದ ತಲೆತಗ್ಗಿಸಿ ನಡೆಯುವಂತಾದಾಗಲೂ ಅಪ್ಪ ಕದಲಲಿಲ್ಲ. "ಬಣ್ಣ ನಾವು ಹಾಕಿಕೊಳ್ಳಬೇಕು. ಎಲ್ಲ ಅವರೇ ಹಾಕಿ ಕೊಟ್ಟರೆ ನಮಗೆಂತ ಕೆಲಸ?" ಎನ್ನುತ್ತಿದ್ದರು. ಇದು ಕಲೆಯ ಮೇಲಿನ ಪ್ರೀತಿಯೋ ಮಾಸ್ಟ್ರ ಸಂಬಳದ ಮಿತಿಯೋ ಎಂಬ ಸಂಶಯ ನನಗೆ ಹುಟ್ಟಿದ್ದು ನಾನೇ ಸಂಬಳ ಎಣಿಸತೊಡಗಿದ ಮೇಲೆ.

ಕೇಬಲ್ ಬಂದ ಹೊಸದರಲ್ಲಿ ನಮ್ಮ ಟೀವಿಯಲ್ಲಿ ಸರಿಯಾಗಿ ಕಾಣುತ್ತಿದ್ದದ್ದು ಒಂದೆರಡು ಚಾನೆಲ್ಲು. ಅವುಗಳಲ್ಲೊಂದರಲ್ಲಿ ಸಂಜೆಯ ಹೊತ್ತು ಇಂಗ್ಲೆಂಡಿನಿಂದ ಸ್ನೂಕರ್ ಬರುತ್ತಿತ್ತು. ದೊಡ್ಡದೊಂದು ಮೇಜು, ಆರು ಗುಂಡಿ, ಒಂದಷ್ಟು ಚೆಂಡು, ಮದುವೆಗೆ ಹೊರಟವರಂತೆ ಕುತ್ತಿಗೆಗೆ ಬೋ ಕಟ್ಟಿಕೊಂಡ ಇಬ್ಬರು ಗಂಡಸರು. ಒಬ್ಬ ಆಡುವಾಗ ಇನ್ನೊಬ್ಬ ಕುರ್ಚಿಯಲ್ಲಿ ತೆಪ್ಪಗೆ ಕೂತಿರುತ್ತಿದ್ದ. ಯಾರೂ ಕಿರುಚುತ್ತಿರಲಿಲ್ಲ. ಅಪ್ಪನಿಗೆ ಇದು ಬಹಳ ಹಿಡಿಸಿತು. "ನೋಡು, ಕ್ಲಾಸು ಅಂದ್ರೆ ಹೀಗಿರ್ಬೇಕು" ಎಂದು ಟೀವಿಯ ಮುಂದೆ ಕೂತರು. ಪಕ್ಕದಲ್ಲಿ ನಾನು.

ಸ್ನೂಕರ್ ಗೊತ್ತಿಲ್ಲದವರಿಗಾಗಿ ಒಂದು ಮಾತು. ಅಲ್ಲಿ ಬಣ್ಣವೇ ಎಲ್ಲ. ಕೆಂಪಿಗೆ ಒಂದು ಬೆಲೆ, ಹಸಿರಿಗೆ ಒಂದು, ಗುಲಾಬಿಗೆ ಒಂದು, ಎಲ್ಲಕ್ಕಿಂತ ಹೆಚ್ಚು ಕಪ್ಪಿಗೆ. ಬಿಳಿ ಚೆಂಡಿನಿಂದ ಹೊಡೆದು ಅವನ್ನು ಗುಂಡಿಗೆ ಬೀಳಿಸಬೇಕು, ಬಿಳಿ ಮಾತ್ರ ಬೀಳಬಾರದು. ಇಂಥ ಆಟವನ್ನು ನಾವು ಕಪ್ಪು ಬಿಳುಪು ಟೀವಿಯಲ್ಲಿ ನೋಡುತ್ತಿದ್ದೆವು. ಅಪ್ಪ ಕನ್ನಡಕ ಏರಿಸಿ, "ಅದು ಹಸಿರು. ಬೂದಿ ಸ್ವಲ್ಪ ಒದ್ದೆ ಆದ ಹಾಗೆ ಉಂಟಲ್ಲ, ಅದು" ಎನ್ನುತ್ತಿದ್ದರು. ನಾನು ಕಂದು ಎನ್ನುತ್ತಿದ್ದೆ. ವಾದ ನಡೆಯುತ್ತಿತ್ತು. ಒಳಗಿನಿಂದ ಅಮ್ಮ, "ಆಡುವವರು ಅಷ್ಟು ತೆಪ್ಪಗಿದ್ದಾರೆ, ನೋಡುವ ನಿಮಗೆಂತ ಅಷ್ಟು ಬೊಬ್ಬೆ?" ಎಂದು ಕೇಳುತ್ತಿದ್ದಳು.

ಆ ಆಟಗಾರರಲ್ಲಿ ಒಬ್ಬ ವೇಲ್ಸ್ ದೇಶದವನಿದ್ದ. ಸಪೂರ ಹುಡುಗ, ಉದ್ದ ಕುತ್ತಿಗೆ. ಮೇಜಿನ ಮೇಲೆ ಬಾಗಿ ದೂರದ ಚೆಂಡಿಗೆ ಗುರಿಯಿಡುವಾಗ ಒಂದು ಕಾಲನ್ನು ಹಿಂದಕ್ಕೆತ್ತಿ ಅಲ್ಲಾಡದೆ ನಿಲ್ಲುತ್ತಿದ್ದ. ಅಪ್ಪ ಅವನಿಗೆ ಕೊಕ್ಕರೆ ಎಂದು ಹೆಸರಿಟ್ಟರು. ಅಂದಿನಿಂದ ನಾವಿಬ್ಬರೂ ಕೊಕ್ಕರೆಯ ಪಾರ್ಟಿ.

ಒಂದು ದೊಡ್ಡ ಪಂದ್ಯಾವಳಿಯಲ್ಲಿ ಕೊಕ್ಕರೆ ಕ್ವಾರ್ಟರ್ ಫೈನಲಿಗೆ ಬಂದ. ಪಂದ್ಯ ಸಮಸಮವಾಗಿ ಸಾಗಿ ಕೊನೆಯ ಆಟಕ್ಕೆ, ಕೊನೆಯ ಆಟವೂ ಕೊನೆಯ ಕಪ್ಪು ಚೆಂಡಿಗೆ ಬಂದು ನಿಂತಿತು. ಅದನ್ನು ಗುಂಡಿಗೆ ಹಾಕಿದರೆ ಕೊಕ್ಕರೆ ಸೆಮಿಫೈನಲಿಗೆ. ಅವನು ಬಾಗಿದ. ಕಾಲು ಹಿಂದಕ್ಕೆತ್ತಿದ. ಕೋಲು ನಿಧಾನ ಹಿಂದೆ ಹೋಯಿತು. ಅದು ಮುಂದೆ ಬರುವುದರೊಳಗೆ ಕರೆಂಟು ಹೋಯಿತು.

ಅಂದು ಮತ್ತೆ ಕರೆಂಟು ಬರಲಿಲ್ಲ. ನಮ್ಮ ಕಡೆಯ ಪೇಪರಿನಲ್ಲಿ ಯಕ್ಷಗಾನದ ಮೇಳಗಳು ಎಲ್ಲೆಲ್ಲಿ ಆಡುತ್ತವೆಂದು ಬರುತ್ತಿತ್ತೇ ಹೊರತು ಸ್ನೂಕರಿನ ಫಲಿತಾಂಶ ಬರುತ್ತಿರಲಿಲ್ಲ. ಇಂಟರ್ನೆಟ್ಟು ಹುಟ್ಟಿತ್ತೋ ಇಲ್ಲವೋ, ಬ್ರಹ್ಮಾವರಕ್ಕಂತೂ ಬಂದಿರಲಿಲ್ಲ. ಮುಂದಿನ ವಾರಗಳಲ್ಲಿ ಆ ಚಾನೆಲ್ಲಿನಲ್ಲಿ ಕುಸ್ತಿ ಬರತೊಡಗಿತು. ಕಪ್ಪು ಗುಂಡಿಗೆ ಬಿದ್ದಿರುತ್ತದೆ ಎಂದು ಅಪ್ಪ, ಇಲ್ಲ ಎಂದು ನಾನು. ಈ ವಾದ ನಾನು ಕಾಲೇಜು ಮುಗಿಸುವ ತನಕ, ಕೆಲಸ ಸಿಕ್ಕಿ ದುಬೈಗೆ ಬರುವ ತನಕ, ಮದುವೆಯಾದ ಮೇಲೂ ನಡೆಯಿತು. ಬೇಸರದ ಸುದ್ದಿಯೇನಾದರೂ ಇದ್ದ ದಿನ, ಅಪ್ಪ ಫೋನಿನಲ್ಲಿ ಅದನ್ನು ಹೇಳಿ ಮುಗಿಸಿ, "ಆದ್ರೆ ಕಪ್ಪು ಮಾತ್ರ ಬಿದ್ದಿದೆ" ಎಂದು ಸೇರಿಸುತ್ತಿದ್ದರು. ಅಮ್ಮ ತೀರಿಕೊಂಡ ವರ್ಷವೂ ಒಮ್ಮೆ ಹಾಗೆಂದರು. ನಾನು, "ಇಲ್ಲ ಅಪ್ಪಾ, ಬಿದ್ದಿಲ್ಲ" ಎಂದೆ. ಇಬ್ಬರಿಗೂ ಸ್ವಲ್ಪ ಹಗುರವಾಯಿತು.

ಈಗ ದುಬೈಗೆ ಬರೋಣ. ಕರಾಮದ ಹಳೆಯ ಕಟ್ಟಡವೊಂದರಲ್ಲಿ, ಕೆಳಗೆ ದೋಸೆ ಹೋಟೆಲು, ಮೇಲೆ ಒಂದು ಸ್ನೂಕರ್ ಕ್ಲಬ್ಬು ಇತ್ತು. ಮೇಜಿನ ಮೇಲೆ ಬಾಗಿದರೆ ಸಾಂಬಾರಿನ ಪರಿಮಳ. ವಾರದ ರಜೆಯ ದಿನವಾದ ಶುಕ್ರವಾರ ಬೆಳಿಗ್ಗೆ ನಾನು ಮೆಟ್ರೋ ಹಿಡಿದು, ಬುರ್ಜುಮಾನ್‌ನಲ್ಲಿಳಿದು ನಡೆದುಕೊಂಡು ಅಲ್ಲಿಗೆ ಹೋಗುತ್ತಿದ್ದೆ. ಆಡಲು ಹೋಗುತ್ತಿದ್ದೆ ಎಂದು ಮನೆಯಲ್ಲಿ ಹೇಳುತ್ತಿದ್ದೆ. ನನ್ನ ಆಟ ನೋಡಿದವರು ಅದನ್ನು ಆಟ ಎನ್ನಲಾರರು. ಬಿಳಿ ಚೆಂಡನ್ನು ಗುಂಡಿಗೆ ಬೀಳಿಸುವುದರಲ್ಲಿ ನನ್ನನ್ನು ಮೀರಿಸಿದವರು ಕರಾಮದಲ್ಲಿ ಇರಲಿಲ್ಲ.

ಒಂದು ಶುಕ್ರವಾರ ಮೂಲೆಯ ಮೇಜಿನಲ್ಲಿ ಯಾರೋ ಬಿಳಿಯ ಒಬ್ಬನೇ ಆಡುತ್ತಿದ್ದ. ಹೊಸ ಕೋಚು, ಇಷ್ಟು ದಿನ ಅಬುಧಾಬಿಯ ಟೂರಿಸ್ಟ್ ಕ್ಲಬ್ ಏರಿಯಾದ ಯಾವುದೋ ಹೋಟೆಲಿನಲ್ಲಿ ಕಲಿಸುತ್ತಿದ್ದನಂತೆ ಎಂದು ಕೌಂಟರಿನವನು ಹೇಳಿದ. ತಲೆ ಅರ್ಧ ನೆರೆತಿತ್ತು, ಹೊಟ್ಟೆ ಬಂದಿತ್ತು. ನಾನು ನನ್ನ ಮೇಜಿಗೆ ತಿರುಗುವವನಿದ್ದೆ. ಅಷ್ಟರಲ್ಲಿ ಅವನು ದೂರದ ಚೆಂಡಿಗೆ ಬಾಗಿ ಒಂದು ಕಾಲು ಹಿಂದಕ್ಕೆತ್ತಿದ.

ಮನುಷ್ಯನ ಮುಖ ಬದಲಾಗುತ್ತದೆ, ಕಾಲು ಬದಲಾಗುವುದಿಲ್ಲ. ನಾನು ಕೋಲು ಹಿಡಿದುಕೊಂಡೇ ಅವನ ಬಳಿಗೆ ಓಡಿದೆ. ಹೆಸರು ಕೇಳಿಕೊಳ್ಳಬೇಕು, ನಮಸ್ಕಾರ ಹೇಳಬೇಕು ಎಂಬುದೆಲ್ಲ ಮರೆತುಹೋಯಿತು.

"ಆ ಕೊನೆಯ ಕಪ್ಪು ಬಿತ್ತಾ, ಇಲ್ಲವಾ?" ಎಂದು ಕೇಳಿದೆ.

ಅವನು ನೆಟ್ಟಗಾದ. ಯಾವ ಕಪ್ಪು ಎಂದು ಅವನು ಕೇಳಲಿಲ್ಲ. "ನಿನಗೆ ಗೊತ್ತಿಲ್ಲವೇ?" ಎಂದ. ನಮ್ಮ ಮನೆಯ ತುಳುವಿನ ಹಾಗೆಯೇ ಅವನ ಮಾತನ್ನೂ ಇಲ್ಲಿ ಕನ್ನಡದಲ್ಲೇ ಕೊಡುತ್ತಿದ್ದೇನೆ. ಆದರೆ ಪ್ರತಿ ವಾಕ್ಯದ ಕೊನೆಗೆ ದನಿ ಒಂದು ದಿಬ್ಬ ಹತ್ತಿ ಇಳಿಯುವ ಆ ರಾಗವನ್ನು ನಾನು ತರಲಾರೆ.

ಕರೆಂಟು ಹೋದ ಕಥೆ ಹೇಳಿದೆ. ಅವನು ನಗತೊಡಗಿದ. ನಗುತ್ತ ಕೂತುಬಿಟ್ಟ.

"ನನ್ನ ಊರಿನಲ್ಲಿ ನಾಯಿಗೂ ಅದು ಗೊತ್ತು. ಗೊತ್ತಿಲ್ಲದವರು ಭೂಮಿಯ ಮೇಲೆ ಇಬ್ಬರಿದ್ದಾರೆ ಅಂತ ಈಗ ತಿಳಿಯಿತು" ಎಂದು ಕಣ್ಣು ಒರೆಸಿಕೊಂಡ. ಆಮೇಲೆ ಹೇಳಿದ: "ಕಪ್ಪು ಬಿತ್ತು. ಜನ ಎದ್ದು ನಿಂತರು. ಬಿಳಿ ಮಾತ್ರ ನಿಲ್ಲಲಿಲ್ಲ. ಉರುಳುತ್ತಾ ಹೋಗಿ ಅದೂ ಬಿತ್ತು. ಪಂದ್ಯ ಎದುರಾಳಿಯದಾಯಿತು."

ನಾನು ಅಲ್ಲಿಂದಲೇ ಅಪ್ಪನಿಗೆ ಫೋನು ಮಾಡಿದೆ. ಆಗ ಅವರು ಉಡುಪಿಯಲ್ಲಿ ಅಕ್ಕನ ಮನೆಯಲ್ಲಿದ್ದರು. "ಕಪ್ಪು ಬಿದ್ದಿತ್ತಂತೆ ಅಪ್ಪಾ" ಎಂದೆ. ಆಚೆಯಿಂದ ಹೊರಟ ಕೂಗಿಗೆ ಅಕ್ಕ ಓಡಿ ಬಂದಿರಬೇಕು. "ಆದರೆ ಬಿಳಿಯೂ ಬಿದ್ದು ಸೋತನಂತೆ" ಎಂದೆ. "ಅದು ಬೇರೆ ವಿಷಯ" ಎಂದರು ಅಪ್ಪ. ಆಮೇಲೆ, "ಪಾಪ" ಎಂದರು.

ನಮ್ಮ ಆ ಕೊಕ್ಕರೆಯೇ ಎಮ್ರಿಸ್. ನನಗಿಂತ ಹಿರಿಯ. ಇಂಗ್ಲಿಷಿನಲ್ಲಿ ಬಹುವಚನ ಕೊಡುವ ಉಪಾಯವಿಲ್ಲದ್ದರಿಂದ ಅವನು ನನಗೆ 'ಅವನು' ಆಗಿಯೇ ಉಳಿದ. ನನ್ನ ಹೆಸರು ಸದಾನಂದ. ಸದಾ ಆನಂದದಿಂದ ಇರಲಿ ಎಂದು ಹೆತ್ತವರು ಇಟ್ಟದ್ದನ್ನು ಅವನು 'ಸ್ಯಾಡ್' ಎಂದು ಮೊಟಕು ಮಾಡಿದ. ತಮಾಷೆಗಲ್ಲ, ಅವನ ನಾಲಗೆಗೆ ಅಷ್ಟೇ ಎಟುಕುತ್ತಿತ್ತು. ನಾನೂ ತಿದ್ದಲಿಲ್ಲ. ಶುಕ್ರವಾರಗಳಲ್ಲಿ ಕರಕ್ ಚಹಾ ಕುಡಿಯುತ್ತ ಅವನ ಕಥೆಯನ್ನು ತುಂಡುತುಂಡಾಗಿ ಕೇಳಿದೆ.

ಅವನದು ವೇಲ್ಸ್‌ನ ಪಶ್ಚಿಮ ಭಾಗದ ಒಂದು ಕಲ್ಲಿದ್ದಲಿನ ಕಣಿವೆ. ಅಪ್ಪ ಗಣಿಯಲ್ಲಿ. ಗಣಿಯವರೇ ಚಂದಾ ಎತ್ತಿ ಕಟ್ಟಿಕೊಂಡ ಸಭಾಭವನದಲ್ಲಿ ಕೆಳಗೆ ವಾಚನಾಲಯ, ಮೇಲೆ ಸ್ನೂಕರ್ ಮೇಜುಗಳು. ದಿನವಿಡೀ ಕತ್ತಲಲ್ಲಿ ಬಗ್ಗಿ ದುಡಿದವರು ಸಂಜೆ ಬಂದು ಬೆಳಕಿನಲ್ಲಿ ಬಗ್ಗಿ ಆಡುತ್ತಿದ್ದರು. ಮಾತೆಲ್ಲ ಅವರ ಊರ ಭಾಷೆಯಲ್ಲಿ, ಇಂಗ್ಲಿಷು ಶಾಲೆಗೆ ಹೋದ ಮೇಲೆ. ನಾನು ಮನೆಗೆ ಫೋನಿನಲ್ಲಿ ತುಳು ಮಾತಾಡುವುದನ್ನು ಕೇಳಿಸಿಕೊಂಡು ಅವನೊಮ್ಮೆ, "ಇದು ನಿಮ್ಮ ಸರ್ಕಾರದ ಭಾಷೆಯೋ, ಅಡುಗೆಮನೆಯ ಭಾಷೆಯೋ?" ಎಂದು ಕೇಳಿದ. "ಅಡುಗೆಮನೆಯದು" ಎಂದೆ. "ನನಗೂ ಅಂಥದೊಂದು ಇದೆ. ಅಮ್ಮನ ಹತ್ತಿರ ಮಾತ್ರ ಆಡುತ್ತೇನೆ" ಎಂದ.

ಗಣಿ ಮುಚ್ಚಿತು. ಅಪ್ಪನ ಕೆಲಸ ಹೋದ ವರ್ಷವೇ ಎಮ್ರಿಸ್ ವೃತ್ತಿಪರ ಆಟಗಾರನಾದ. ಊರಿಡೀ ಅವನನ್ನು ನೋಡಲು ಟೀವಿಯ ಮುಂದೆ ಸೇರುತ್ತಿತ್ತು. ಕೆಲವು ವರ್ಷ ಏರಿದ. ಆಮೇಲೆ ಆ ಕಪ್ಪು ಚೆಂಡು. ಅದಾದ ಮೇಲೆ ಇಳಿದ. ದೊಡ್ಡ ಪಂದ್ಯಗಳಿಗೆ ಅರ್ಹತೆ ಸಿಗದೆ, ಹಲಗೆ ಅಡ್ಡಹಾಕಿದ ಖೋಲಿಗಳಲ್ಲಿ, ಪ್ರೇಕ್ಷಕರಿಲ್ಲದ ಕಡೆ, ಇನ್ನೂ ಮೀಸೆ ಮೂಡದವರೊಡನೆ ಆಡಿ ಸೋತ. ಕೊನೆಗೆ ವೃತ್ತಿಪರರ ಪಟ್ಟಿಯಿಂದಲೇ ಹೆಸರು ಹೋಯಿತು. ಹೆಂಡತಿ ಬೇರೆಯಾದಳು. ಕಲಿಸುವ ಕೆಲಸ ಸಿಕ್ಕಿತೆಂದು ಗಲ್ಫಿಗೆ ಬಂದ. ನಾವೆಲ್ಲ ಬಂದ ಹಾಗೆಯೇ, ಎರಡು ವರ್ಷಕ್ಕೆಂದು ಬಂದ.

"ಊರಿಗೆ ಹೋಗುವುದಿಲ್ಲವೇ?" ಎಂದು ಕೇಳಿದ್ದೆ.

"ಹೋಗುತ್ತೇನೆ. ಮತ್ತೆ ಪಟ್ಟಿಗೆ ಸೇರಿದ ಮೇಲೆ. ಸುಮ್ಮನೆ ಹೇಗೆ ಹೋಗುವುದು? ಬೇಕರಿಯವನು ಬ್ರೆಡ್ಡು ಕೊಡುವಾಗಲೂ ಆ ಕಪ್ಪಿನ ಮಾತು ಎತ್ತುತ್ತಾನೆ."

ಪಟ್ಟಿಗೆ ಮತ್ತೆ ಸೇರಲು ಒಂದೇ ದಾರಿ. ವರ್ಷಕ್ಕೊಮ್ಮೆ, ಮೇ ತಿಂಗಳಿನಲ್ಲಿ ಇಂಗ್ಲೆಂಡಿನಲ್ಲಿ ಅರ್ಹತೆಯ ಪಂದ್ಯಗಳು ನಡೆಯುತ್ತವೆ. ಎಲ್ಲ ಸುತ್ತು ಗೆದ್ದವರು ಒಳಗೆ. "ಮುಂದಿನ ವರ್ಷ ಹೋಗುತ್ತೇನೆ" ಎಂದು ಅವನು ಹೇಳುತ್ತಲೇ ಇದ್ದ. ಗಲ್ಫಿನಲ್ಲಿ ಇರುವ ನನಗೆ ಆ ವಾಕ್ಯವನ್ನು ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ.

ಅವನು ಹೋಗದೆ ಇದ್ದುದಕ್ಕೆ ಕಾರಣವಿತ್ತು. ಅದನ್ನು ಕಂಡುಹಿಡಿದವನು ನಾನಲ್ಲ, ಅಪ್ಪ.

ಆ ವರ್ಷ ಚಳಿಗಾಲಕ್ಕೆ ಅಪ್ಪ ವಿಸಿಟ್ ವೀಸಾದಲ್ಲಿ ನಮ್ಮಲ್ಲಿಗೆ ಬಂದರು. ಅಷ್ಟರಲ್ಲಿ ಅವರಿಗೆ ಕಂಪವಾತ ಶುರುವಾಗಿತ್ತು. ಬಲಗೈ ಸದಾ ನಡುಗುತ್ತಿತ್ತು. ಸ್ಕೇಲಿಲ್ಲದೆ ಬೋರ್ಡಿನ ಈ ತುದಿಯಿಂದ ಆ ತುದಿಗೆ ನೇರ ಗೆರೆ ಎಳೆಯುತ್ತಿದ್ದ ಕೈ ಅದು. ಅಪ್ಪ ಅದನ್ನು ಒಬ್ಬ ತುಂಟ ವಿದ್ಯಾರ್ಥಿಯಂತೆ ನೋಡುತ್ತಿದ್ದರು. "ಅದು ಕುಣಿಯಲಿ, ನಾನು ನನ್ನ ಚಹಾ ಕುಡಿತೇನೆ" ಎಂದು ಎಡಗೈಯಲ್ಲಿ ಲೋಟ ಎತ್ತುತ್ತಿದ್ದರು. ಆದರೆ ನಮ್ಮ ಮನೆಯಲ್ಲಿದ್ದ ಪೆನ್ಸಿಲುಗಳನ್ನು ಅವರು ಒಮ್ಮೆಯೂ ಮುಟ್ಟಲಿಲ್ಲ. ಮೊಮ್ಮಗಳು ನವಿಲು ಬರೆದುಕೊಡಲು ಕೇಳಿದಾಗ, "ನೀನೇ ಬರಿ, ನಾನು ನೋಡ್ತೇನೆ" ಎಂದರು.

ಮೊದಲ ಶುಕ್ರವಾರವೇ ಕರಾಮಕ್ಕೆ ಕರೆದುಕೊಂಡು ಹೋದೆ. ಜೀವಮಾನದಲ್ಲಿ ಮೊದಲ ಸಲ ಸ್ನೂಕರನ್ನು ಬಣ್ಣದಲ್ಲಿ ನೋಡುವ ಅಪ್ಪನ ಮುಖ ನೋಡಬೇಕೆಂದು ನನಗೆ ಆಸೆ. ದೀಪ ಹಾಕಿದೆ. ಹಸಿರು ಬಟ್ಟೆಯ ಮೇಲೆ ಚೆಂಡುಗಳು ಹೊಳೆದವು. ಅಪ್ಪ ಮೇಜಿನ ಸುತ್ತ ಒಂದು ಪ್ರದಕ್ಷಿಣೆ ಬಂದರು.

"ಹೇಗುಂಟು?"

"ಚಂದ ಉಂಟು" ಎಂದರು, ಶಾಲೆಯಲ್ಲಿ ಸಾಧಾರಣ ಚಿತ್ರಕ್ಕೆ ಹೇಳುತ್ತಿದ್ದ ದನಿಯಲ್ಲಿ. "ನಾನು ಹಾಕಿದ್ದ ಗುಲಾಬಿ ಇದಕ್ಕಿಂತ ಒಳ್ಳೆದಿತ್ತು."

ಆಮೇಲೆ ಎಮ್ರಿಸ್ ಬಂದ. ಅಪ್ಪ ಎರಡೂ ಕೈ ಜೋಡಿಸಿದರು, ಜೋಡಿಸಿದ ಕೈಗಳು ನಡುಗಿದವು. "ಎಮ್ರಿಸ್ ಮಾಸ್ಟ್ರೆ, ವೀ ಆರ್ ಯುವರ್ ಪಾರ್ಟಿ" ಎಂದರು. ಕಲಿಸುವವನು ಯಾವ ದೇಶದವನಾದರೂ ಅಪ್ಪನಿಗೆ ಮಾಸ್ಟ್ರು. ಎತ್ತರದ ಕುರ್ಚಿಯಲ್ಲಿ ಅವರನ್ನು ಕೂರಿಸಿ ಎಮ್ರಿಸ್ ಆಡತೊಡಗಿದ. ಕೆಲವು ಚೆಂಡುಗಳನ್ನು ಸಲೀಸಾಗಿ ಹಾಕಿದ. ಆಮೇಲೆ ಒಂದು ಕಷ್ಟದ ಚೆಂಡು ಬಂತು. ಬಾಗಿದ, ಕೋಲು ಹಿಂದೆ ಹೋಯಿತು, ಅಲ್ಲೇ ನಿಂತಿತು. ಅವನು ನೆಟ್ಟಗಾಗಿ, ತುದಿಗೆ ಚಾಕ್ ಉಜ್ಜಿ, ಏನೂ ಆಗದವನಂತೆ ಮತ್ತೆ ಬಾಗಿದ. ಕೋಲು ಮತ್ತೆ ಹಿಂದೆ ಹೋಗಿ ನಿಂತಿತು. ನಾನು ಇದನ್ನು ಹಿಂದೆಯೂ ನೋಡಿದ್ದೆ, ದೊಡ್ಡ ಆಟಗಾರರ ಯೋಚನೆ ದೊಡ್ಡದಿರುತ್ತದೆ ಎಂದುಕೊಂಡಿದ್ದೆ.

ಅಪ್ಪ ಕುರ್ಚಿಯಿಂದಿಳಿದು ಅವನ ಬಳಿ ಹೋದರು. ತಮ್ಮ ಬಲಗೈಯನ್ನು ಮೇಜಿನ ದೀಪದ ಕೆಳಗೆ ಹಿಡಿದರು.

"ಮೈ ಹ್ಯಾಂಡ್, ಶೇಕಿಂಗ್. ಯುವರ್ ಹ್ಯಾಂಡ್, ಸ್ಟಾಪಿಂಗ್. ವೈ?"

ನನಗೆ ಮುಜುಗರವಾಗಿ, "ಅಪ್ಪಾ" ಎಂದೆ. ಎಮ್ರಿಸ್ ಕೋಲನ್ನು ಮೇಜಿನ ಮೇಲೆ ಮಲಗಿಸಿದ.

"ಆ ಕಪ್ಪಿನ ಮರುವರ್ಷದಿಂದ ಹೀಗೆ" ಎಂದ. "ಹಿಂದೆ ಹೋದ ಕೋಲು ಮುಂದೆ ಬರುವುದಿಲ್ಲ. ಕೈ ನನ್ನ ಮಾತು ಕೇಳುವುದಿಲ್ಲ. ಡಾಕ್ಟರು ಕೈಯಲ್ಲಿ ಏನೂ ಇಲ್ಲ ಎನ್ನುತ್ತಾರೆ. ನಿಮ್ಮದಕ್ಕೆ ಒಂದು ಹೆಸರಾದರೂ ಇದೆ."

ನಾನು ಅನುವಾದಿಸಿ ಹೇಳಿದೆ. ಅಷ್ಟು ವರ್ಷ ನಮ್ಮ ಮನೆಯ ಮಾತಿನಲ್ಲಿ ಅವನ ಕೋಲು ಹಿಂದಕ್ಕೆ ಹೋಗಿ ನಿಂತೇ ಇತ್ತು. ಅವನ ಕೈಯಲ್ಲೂ ಹಾಗೆಯೇ ನಿಂತಿತ್ತೆಂದು ನಮಗೆ ಹೇಗೆ ಗೊತ್ತಾಗಬೇಕು?

ಅಪ್ಪ ಸಮಾಧಾನದ ಮಾತೇನೂ ಆಡಲಿಲ್ಲ. "ಮಕ್ಕಳಿಗೆ ಗೆರೆ ಎಳೆಯುವಾಗ ಹೀಗೇ ಆಗ್ತದೆ. ಚಾಕ್‌ಪೀಸು ಬೋರ್ಡಿಗೆ ಹಚ್ಚಿ ಹೆದರಿ ನಿಂತುಬಿಡ್ತಾರೆ. ನಾನು ಹಿಂದೆ ನಿಂತು 'ಹೂಂ' ಅಂತಿದ್ದೆ. ಅಷ್ಟೇ. ಎಳೆದುಬಿಡ್ತಿದ್ರು. ಅವರಿಗೆ ಹೇಳು" ಎಂದರು. ನಾನು ಹೇಳಿದೆ. ಎಮ್ರಿಸ್ ಹುಬ್ಬೇರಿಸಿದ. ಬಾಗಿದ. ಕೋಲು ಹಿಂದೆ ಹೋಯಿತು.

"ಹೂಂ" ಎಂದರು ಅಪ್ಪ, ಕಥೆ ಕೇಳುತ್ತಿರುವವರ ಹಾಗೆ.

ಕೋಲು ಮುಂದೆ ಬಂತು. ಚೆಂಡು ಗುಂಡಿಗೆ ಬೀಳಲಿಲ್ಲ, ದೂರದಲ್ಲೆಲ್ಲೋ ಹೋಯಿತು. ಆದರೆ ಚೆಂಡು ಬಿದ್ದಷ್ಟೇ ಸಂತೋಷದಿಂದ ಎಮ್ರಿಸ್ ಅಪ್ಪನ ಕಡೆ ತಿರುಗಿದ.

ಆ ಚಳಿಗಾಲವಿಡೀ ಶುಕ್ರವಾರಗಳು ಹಾಗೆಯೇ ಕಳೆದವು. ಆಮೇಲೆ ಶುಕ್ರವಾರ ಸಾಲದೆ, ನಾನು ಆಫೀಸಿಗೆ ಹೋದ ದಿನಗಳಲ್ಲಿ ಅಪ್ಪ ಒಬ್ಬರೇ ಮೆಟ್ರೋದಲ್ಲಿ ಕರಾಮಕ್ಕೆ ಹೋಗತೊಡಗಿದರು. ಎಮ್ರಿಸ್ ಮಾಸ್ಟ್ರು ಆಡುವರು, ಡ್ರಾಯಿಂಗ್ ಮಾಸ್ಟ್ರು ಹೂಂಗುಟ್ಟುವರು. ಕ್ಲಬ್ಬಿನ ಕೌಂಟರಿನವನು, "ಯಲ್ಲಾ ಬಾಬಾ, ಡ್ಯೂಟಿ ಟೈಮ್" ಎಂದು ಅಪ್ಪನಿಗೆ ಕುರ್ಚಿ ಒರೆಸಿಡುತ್ತಿದ್ದ. ಒಂದು ದಿನ ನಾನು ಹೋದಾಗ ಎಮ್ರಿಸ್ ಅಪ್ಪನ ಎಡಗೈಯನ್ನು ಮೇಜಿನ ಬಟ್ಟೆಯ ಮೇಲೆ ಒತ್ತಿ, ಬೆರಳುಗಳ ನಡುವೆ ಕೋಲು ಜಾರುವ ಹಾಗೆ ಜೋಡಿಸುತ್ತಿದ್ದ. ಬಲಗೈ ನಡುಗುತ್ತಲೇ ಇತ್ತು. ಈ ಸಲ ಹೂಂ ಎಂದವನು ಎಮ್ರಿಸ್. ಅಪ್ಪ ಹೊಡೆದರು. ಬಿಳಿ ಚೆಂಡು ಯಾವುದನ್ನೂ ಮುಟ್ಟದೆ ಮೇಜು ಸುತ್ತಿ ನೇರ ಗುಂಡಿಗೆ ಬಿತ್ತು.

"ನಿನ್ನ ಹಾಗೇ ಆಡಿದೆ ನೋಡು" ಎಂದು ಅಪ್ಪ ನನ್ನನ್ನು ಕಂಡು ನಕ್ಕರು.

ಫೆಬ್ರವರಿ ಮುಗಿಯುತ್ತ ವೀಸಾ ಮುಗಿಯಿತು. ಏರ್‌ಪೋರ್ಟಿಗೆ ಎಮ್ರಿಸನೂ ಬಂದ. ಅಪ್ಪನ ನಡುಗುವ ಕೈಯನ್ನು ತನ್ನೆರಡು ಕೈಗಳಲ್ಲಿ ಹಿಡಿದುಕೊಂಡು, "ಈ ಮೇ ತಿಂಗಳು ಹೋಗುತ್ತೇನೆ. ಈ ವರ್ಷವೇ" ಎಂದ.

"ಹೂ ವಿಲ್ ಸೇ ಹೂಂ?" ಎಂದು ಅಪ್ಪ ಕೇಳಿದರು.

"ನಾನೇ ಹೇಳಿಕೊಳ್ಳುತ್ತೇನೆ."

ಮೇ ತಿಂಗಳಿನಲ್ಲಿ ಅವನು ರಜೆ ಹಾಕಿ ಹೋದ. ಆ ಪಂದ್ಯಗಳು ಟೀವಿಯಲ್ಲಿ ಬರುವಂಥವಲ್ಲ. ಇಂಟರ್ನೆಟ್ಟಿನಲ್ಲಿ ಹೆಸರು, ಅದರ ಮುಂದೆ ಅಂಕ, ಅಷ್ಟೇ. ಅಂಕ ಬದಲಾಗುವುದನ್ನು ನಾನು ಆಫೀಸಿನ ಕಂಪ್ಯೂಟರಿನಲ್ಲಿ ನೋಡುತ್ತಿದ್ದೆ, ಫೋನಿನಲ್ಲಿ ಉಡುಪಿಯ ಅಪ್ಪನಿಗೆ ಹೇಳುತ್ತಿದ್ದೆ. ಈಗ ಕಪ್ಪು ಬಿಳುಪೂ ಇಲ್ಲ, ಚಿತ್ರವೇ ಇಲ್ಲ. ಅಪ್ಪ ಎಲ್ಲವನ್ನೂ ಮನಸ್ಸಿನಲ್ಲೇ ಬರೆದುಕೊಂಡಿರಬೇಕು. "ಈಗ ಮಾಸ್ಟ್ರು ಎದ್ದು ಬಂದ್ರು. ಚಾಕ್ ಹಚ್ತಾ ಇದ್ದಾರೆ" ಎಂದು ಅವರೇ ನನಗೆ ವಿವರಿಸುತ್ತಿದ್ದರು.

ಎಮ್ರಿಸ್ ಮೊದಲ ಸುತ್ತು ಗೆದ್ದ. ಎರಡನೆಯದೂ ಗೆದ್ದ. ಒಂದೊಂದಾಗಿ ದಾಟುತ್ತ ಕೊನೆಯ ಸುತ್ತಿಗೆ ಬಂದ. ಅಂದು ಸಂಜೆ ಆಫೀಸಿನವರೆಲ್ಲ ಹೋದ ಮೇಲೂ ನಾನು ಕೂತಿದ್ದೆ. ಎದುರಾಳಿ ಹದಿಹರೆಯದ ಚೀನೀ ಹುಡುಗ. ಪಂದ್ಯ ಕೊನೆಯ ಆಟದ ತನಕ ಹೋಯಿತು. ಎಮ್ರಿಸ್ ಮುಂದಿದ್ದ. ಆಮೇಲೆ ಅವನ ಅಂಕ ಅಲ್ಲೇ ನಿಂತು ಹುಡುಗನ ಅಂಕ ಏರತೊಡಗಿತು. ಏರಿತು, ಏರಿತು, ದಾಟಿಹೋಯಿತು.

"ಸೋತ, ಅಪ್ಪಾ" ಎಂದೆ.

ಎಮ್ರಿಸ್ ಮತ್ತೆ ದುಬೈಗೆ ಬರಲಿಲ್ಲ. ಕೆಲವು ದಿನಗಳ ಮೇಲೆ ಅವನ ಫೋನು ಬಂತು. "ಕೈ ಚೆನ್ನಾಗಿತ್ತು, ಸ್ಯಾಡ್. ಒಮ್ಮೆಯೂ ನಿಲ್ಲಲಿಲ್ಲ. ನಾನು ಹೂಂ ಹೂಂ ಎನ್ನುವುದನ್ನು ಕೇಳಿ ರೆಫರಿ ಹುಷಾರಿದ್ದೀಯಾ ಅಂತ ಕೇಳಿದ. ಒಂದು ಚೆಂಡು ಸ್ವಲ್ಪದರಲ್ಲಿ ತಪ್ಪಿತು, ಆಮೇಲೆ ಹುಡುಗ ನನಗೆ ಮೇಜಿಗೆ ಬರಲು ಬಿಡಲೇ ಇಲ್ಲ. ಅಷ್ಟು ಚೆನ್ನಾಗಿ ಆಡಿದ. ನಾನು ಕುರ್ಚಿಯಲ್ಲಿ ಕೂತು ನೋಡಿದೆ" ಎಂದ. ಅವನ ದನಿ ದಿಬ್ಬ ಹತ್ತಿ ಇಳಿಯಿತು. ಅಲ್ಲಿಂದ ನೇರ ಕಣಿವೆಗೆ, ಅಮ್ಮನ ಮನೆಗೆ ಹೋಗಿದ್ದನಂತೆ. ಗಣಿಯವರ ಸಭಾಭವನದಲ್ಲಿ ಒಂದೆರಡು ಮೇಜು ಇನ್ನೂ ಉಳಿದಿವೆಯಂತೆ, ಊರ ಮಕ್ಕಳಿಗೆ ಕಲಿಸುತ್ತಾನಂತೆ. ಬೇಕರಿಯವನು ಆ ಕಪ್ಪಿನ ಮಾತು ಎತ್ತಿದನೇ ಎಂದು ಕೇಳಿದೆ. "ಎತ್ತಿದ. ಮೊದಲ ದಿನವೇ. ನಾನು ಅವನಿಗೆ ನಿಮ್ಮ ಮನೆಯ ಕರೆಂಟಿನ ಕಥೆ ಹೇಳಿದೆ. ಈಗ ಊರೆಲ್ಲ ಅದನ್ನೇ ಹೇಳುತ್ತಿದೆ."

ಕರಾಮದ ಆ ಕ್ಲಬ್ಬು ಮುಚ್ಚಿ ಅಲ್ಲೀಗ ಜಿಮ್ ಬಂದಿದೆ. ಬೇರೆ ಕ್ಲಬ್ಬು ಇಲ್ಲವೆಂದಲ್ಲ. ಶುಕ್ರವಾರ ಬೆಳಿಗ್ಗೆ ಎಚ್ಚರವಾದಾಗ ಎಲ್ಲಿಗೋ ಹೋಗಬೇಕಿತ್ತಲ್ಲ ಎಂದು ಒಂದು ಕ್ಷಣ ಅನ್ನಿಸುತ್ತದೆ. ಆಮೇಲೆ ವೀಣಾ ಕೊಟ್ಟ ಚೀಟಿ ಹಿಡಿದು ಸೂಪರ್ ಮಾರ್ಕೆಟ್ಟಿಗೆ ಹೋಗುತ್ತೇನೆ.

ಆದರೆ ಎಮ್ರಿಸ್ ಸೋತ ಆ ಸಂಜೆಯ ಫೋನಿನ ಮಾತನ್ನು ನಾನು ಅರ್ಧಕ್ಕೆ ಬಿಟ್ಟಿದ್ದೆ. ಸುದ್ದಿ ಹೇಳಿದ್ದೇನೋ ಹೇಳಿದೆ. ಅಪ್ಪ ಅತ್ತುಬಿಡುತ್ತಾರೋ ಏನೋ ಎಂದು ನನಗೆ ಹೆದರಿಕೆಯಾಯಿತು.

"ಒಳ್ಳೆದಾಯ್ತು ಬಿಡು" ಎಂದರು ಅಪ್ಪ.

"ಎಂತ ಒಳ್ಳೆದು ಅಪ್ಪಾ? ಸೋತದ್ದು ಅವನು!"

"ಗೆದ್ದಿದ್ರೆ ಮತ್ತೆ ಊರೂರು ತಿರುಗಬೇಕಿತ್ತು. ಈಗ ಮನೆಗೆ ಹೋಗ್ತಾನೆ. ಅವನಮ್ಮ ಕಾಯ್ತಾ ಇರ್ತಾಳೆ ಮಾರಾಯ."

ನನ್ನ ಬಳಿ ಇನ್ನೊಂದು ಸುದ್ದಿ ಇತ್ತು. ಮಧ್ಯಾಹ್ನ ಬಾಸ್ ಕರೆದು ಹೇಳಿದ್ದು. ಪಂದ್ಯ ಮುಗಿಯಲಿ, ಎಮ್ರಿಸ್ ಗೆದ್ದರೆ ಎರಡು ಸಂತೋಷ ಒಟ್ಟಿಗೆ ಹೇಳೋಣ, ಸೋತರೆ ಬೇಸರ ಕಳೆಯಲು ಇದಾದರೂ ಇರಲಿ ಎಂದುಕೊಂಡು ತಡೆದಿಟ್ಟಿದ್ದೆ.

"ಅಪ್ಪಾ, ನನಗೆ ಪ್ರಮೋಶನ್ ಆಯ್ತು. ಇನ್ನು ಅಬುಧಾಬಿ ಆಫೀಸನ್ನೂ ನಾನೇ ನೋಡಿಕೊಳ್ಳಬೇಕು."

"ಹೌದಾ!" ಅಪ್ಪನ ದನಿ ಏರಿತು. "ಭಾರೀ ಸಂತೋಷ ಮಗಾ. ವೀಣಾಗೆ ಹೇಳಿದ್ಯಾ?"

"ಇಲ್ಲ. ಮೊದಲು ನಿಮಗೇ."

ಅವರು ಅಕ್ಕನನ್ನು ಕೂಗಿ ಕರೆದು ಹೇಳಿದ್ದು ಕೇಳಿಸಿತು. ಅಕ್ಕ ದೂರದಿಂದಲೇ ಏನೋ ಹೇಳಿದಳು, ಇಬ್ಬರೂ ನಕ್ಕರು. ಆಮೇಲೆ ಅಪ್ಪ ಫೋನನ್ನು ಬಾಯಿಗೆ ಹತ್ತಿರ ತಂದುಕೊಂಡಿರಬೇಕು, ದನಿ ಸಣ್ಣದಾಗಿ, ಪಕ್ಕದಲ್ಲೇ ಕೂತು ಕೇಳಿದ ಹಾಗೆ ಬಂತು.

"ಹಾಗಾದ್ರೆ ಅಲ್ಲಿ ಇನ್ನೂ ಎಷ್ಟು ವರ್ಷ, ಸದಾ?"

"ನೋಡುವ ಅಪ್ಪಾ" ಎಂದೆ.

"ಹಾಂ. ನೋಡುವ" ಎಂದರು.

ಆಮೇಲೆ ಅವರೂ ಫೋನು ಇಡಲಿಲ್ಲ, ನಾನೂ ಇಡಲಿಲ್ಲ. ಆಚೆ ಅಕ್ಕನ ಅಡುಗೆಮನೆಯಲ್ಲಿ ಕುಕ್ಕರು ಕೂಗುತ್ತಿತ್ತು. ಯಾರೋ ತಟ್ಟೆಗಳನ್ನು ಇಡುತ್ತಿದ್ದರು. ಖಾಲಿ ಆಫೀಸಿನಲ್ಲಿ ನಾನು ಅದನ್ನೇ ಕೇಳುತ್ತ ಕೂತೆ.